ಮುಖ ನನ್ನದು, ಕೈ ಯಾರದೋ

ಶೇಡಬಾಳದ ನಮ್ಮ ತವರುಮನೆಯ ಪಡಸಾಲೆಯಲ್ಲಿ ನನ್ನ ಮುಖಕ್ಕೆ ಹಾರ ಹಾಕಿ ಎಷ್ಟೋ ವರ್ಷಗಳಾದವು. ಗಾಬರಿಯಾಗಬೇಡಿ, ನಾನು ಗಟ್ಟಿಮುಟ್ಟಾಗಿಯೇ ಇದ್ದೇನೆ. ಬೆಳಿಗ್ಗೆ ಎರಡು ರೊಟ್ಟಿ ತಿಂದು, ಮೊಣಕಾಲಿಗೆ ಎಣ್ಣೆ ತಿಕ್ಕಿಕೊಂಡು, ಈಗ ಇದನ್ನು ಬರೆಯಲು ಕೂತಿದ್ದೇನೆ. ಬದುಕಿರುವಾಗಲೇ ಗೋಡೆ ಏರಿ ಗಂಧದ ಹಾರ ಹಾಕಿಸಿಕೊಳ್ಳುವ ಭಾಗ್ಯ ದೊಡ್ಡ ದೊಡ್ಡವರಿಗೂ ಸಿಗುವುದಿಲ್ಲ. ನನಗೆ ಹತ್ತೊಂಬತ್ತನೆಯ ವಯಸ್ಸಿಗೇ ಸಿಕ್ಕಿತು.

ಈ ಮಾತು ಈಗ ಯಾಕೆ ಬಂತೆಂದರೆ, ಹೋದ ತಿಂಗಳು ನಮ್ಮಣ್ಣನ ಮಗಳು ಸ್ನೇಹಾ ಒಂದು ಆಮಂತ್ರಣ ಕಳಿಸಿದಳು. ಅವಳು ಕಲಾವಿದೆ. ಫೋಟೋ ತೆಗೆಯುತ್ತಾಳೆ, ಅದರ ಮೇಲೆ ಬಣ್ಣ ಬಳಿಯುತ್ತಾಳೆ, ಸೂಜಿದಾರದಿಂದ ಹೊಲಿಯುತ್ತಾಳೆ, ಮನಸ್ಸಿಗೆ ಬಂದರೆ ಹರಿದು ಮತ್ತೆ ಅಂಟಿಸುತ್ತಾಳೆ. ನಮ್ಮ ಕಾಲದಲ್ಲಿ ಮನೆಯ ಫೋಟೋಗಳಿಗೆ ಇಂಥ ಉಪಚಾರ ಮಾಡಿದ ಮಕ್ಕಳಿಗೆ ಬೆನ್ನ ಮೇಲೆ ಬೀಳುತ್ತಿತ್ತು, ಈಗ ಹೂಗುಚ್ಛ ಕೊಡುತ್ತಾರೆ. ಆಮಂತ್ರಣದಲ್ಲಿ ಯಾರೋ ಪುಣ್ಯಾತ್ಮರು ಬರೆದಿದ್ದರು: ಛಾಯಾಚಿತ್ರದ ಗಡಿಗಳನ್ನು ದಾಟಿ ಚಿತ್ರಕಲೆಯೊಡನೆ ಸಂವಾದಕ್ಕಿಳಿದ ಮೊದಲಿಗರಲ್ಲಿ ಇವರೊಬ್ಬರು. ಮೊದಲಿಗರಂತೆ! ನಾನು ಓದಿ, ಕನ್ನಡಕ ತೆಗೆದು ಒರೆಸಿ, ಮತ್ತೊಮ್ಮೆ ಓದಿದೆ. ಎರಡನೆಯ ಸಲವೂ ಮೊದಲಿಗರೇ ಆಗಿದ್ದರು.

ಸಂಜೆ ಅವಳದೇ ಫೋನು ಬಂತು. "ಪದ್ದತ್ತಿ, ಮನ್ಯಾಗಿನ ಆ ಅಜ್ಜಿ ಫೋಟೋ ಐತೆಲ್ಲಾ, ಅದು ನನ್ನ ಪ್ರದರ್ಶನಕ್ಕ ಬೇಕು. ಅದರ ಕೆಳಗ ಹಾಕಾಕ ಮೂರು ಸಾಲು ಬರದು ಕಳಸು. ಒಂದು, ಮಾಡಿದಾವ್ರು ಯಾರು. ಎರಡು, ಏನೇನ ಹಚ್ಚಿ ಮಾಡ್ಯಾರ. ಮೂರು, ಫೋಟೋದಾಗ ಇರಾವ್ರು ಯಾರು."

ಮೊದಲ ಎರಡು ಸಾಲು ನಾನು ನಿದ್ದೆಯಲ್ಲಿ ಎಬ್ಬಿಸಿದರೂ ಹೇಳಿಯೇನು. ಮೂರನೆಯದಕ್ಕೆ ಪೆನ್ನು ನಿಂತಿತು. ಯಾಕೆ ನಿಂತಿತೆಂದು ಹೇಳಬೇಕಾದರೆ ನಿಮ್ಮನ್ನು ಪ್ಯಾಸೆಂಜರ್ ಗಾಡಿಯಲ್ಲಿ ಕೂಡಿಸಿಕೊಂಡು ಉಗಾರ ಖುರ್ದಕ್ಕೆ ಹೋಗಬೇಕು. ದೂರವೇನಲ್ಲ, ಶೇಡಬಾಳದ ಮುಂದಿನ ಸ್ಟೇಷನ್ನೇ ಅದು. ಸಕ್ಕರೆ ಕಾರ್ಖಾನೆಯ ಕಾಕಂಬಿಯ ವಾಸನೆ ಮೂಗಿಗೆ ಬಡಿದಾಗ ಇಳಿದರಾಯಿತು.

ಎಂಬತ್ತರ ದಶಕದಲ್ಲಿ ಆ ಕಾರ್ಖಾನೆಯ ರಸ್ತೆಯಲ್ಲಿ ದತ್ತು ಆರ್ಟಿಸ್ಟನ ಸ್ಟುಡಿಯೋ ಇತ್ತು. ಸ್ಟುಡಿಯೋ ಅಂದರೆ ಒಂದು ತಗಡಿನ ಕೋಣೆ, ಮೇಲೆ ಬೆಳಕಿಗೆಂದು ನಾಲ್ಕು ಗಾಜಿನ ಹಂಚು, ಹಿಂದೆ ಕಾಶ್ಮೀರದ ಸರೋವರ ಬರೆದ ಒಂದು ಪರದೆ. ದತ್ತು ನಿಪ್ಪಾಣಿಯವನು. ಅರ್ಧ ಮರಾಠಿ ಅರ್ಧ ಕನ್ನಡ ಮಾತಾಡುತ್ತಿದ್ದ, ಎರಡರಲ್ಲೂ ಸುಳ್ಳು ಹೇಳಬಲ್ಲವನಾಗಿದ್ದ. ಟ್ರ್ಯಾಕ್ಟರ್ ಟ್ರಾಲಿಗೆ ಹೆಸರು ಬರೆಯುವುದು, ಟಾಕೀಸಿನ ಬೋರ್ಡು ಬರೆಯುವುದು, ಲಗ್ನದ ಹಂದರಕ್ಕೆ ಥರ್ಮಾಕೋಲಿನ ನವಿಲು ಕೊರೆಯುವುದು, ಫೋಟೋ ತೆಗೆಯುವುದು ಎಲ್ಲಾ ಅವನೇ. ಈ ಎಲ್ಲ ಕೆಲಸವನ್ನೂ ಒಂದೇ ಫೋಟೋದಲ್ಲಿ ಮಾಡುವುದು ಅವನ ವಿಶೇಷ.

ಸುತ್ತಲಿನ ಊರುಗಳ ಗಂಡಸರೆಲ್ಲ ಫೋಟೋದಲ್ಲಿ ಒಂದೇ ಕೋಟು ತೊಟ್ಟಿರುವುದನ್ನು ನೀವು ಗಮನಿಸಿರಬಹುದು. ಆ ಕೋಟು ದತ್ತುವಿನ ಮೊಳೆಗೆ ತೂಗುಬಿದ್ದಿರುತ್ತಿತ್ತು. ತೆಳ್ಳಗಿನವನಿಗೆ ಹಿಂದಿನಿಂದ ಪಿನ್ನು ಚುಚ್ಚುತ್ತಿದ್ದ, ದಪ್ಪಗಿನವನಿಗೆ ಬೆನ್ನ ಮೇಲಿನ ಹೊಲಿಗೆ ಬಿಚ್ಚಿಟ್ಟಿದ್ದ. ಅದೂ ಸಾಲದವರಿಗೆ ಫೋಟೋದ ಮೇಲೆ ಬ್ರಷ್ಷಿನಿಂದ ಕೋಟು ತೊಡಿಸುತ್ತಿದ್ದ. ನಮ್ಮ ಓಣಿಯ ಒಂದು ಮನೆಯವರು ಗುಂಪು ಫೋಟೋ ತೆಗೆಸಿಕೊಂಡಾಗ ಮಿಲಿಟರಿಯಲ್ಲಿದ್ದ ಮಗ ಇರಲಿಲ್ಲ. "ಫಿಕರ್ ಮಾಡಬ್ಯಾಡ್ರಿ, ಕರಸೂಣು" ಅಂದ ದತ್ತು, ಹುಡುಗನ ಹಳೆಯ ಫೋಟೋವನ್ನು ಬ್ಲೇಡಿನಿಂದ ಕೊರೆದು ಅಣ್ಣತಮ್ಮಂದಿರ ನಡುವೆ ಅಂಟಿಸಿಕೊಟ್ಟ. ಹುಡುಗ ನೆಲದಿಂದ ಒಂದು ಗೇಣು ಮೇಲೆ ನಿಂತಿದ್ದ. ಕೇಳಿದರೆ, "ಮಿಲ್ಟ್ರಿ ಮಂದಿ ಅಲ್ರಿ, ಜಿಗದು ನಿಂತಾರ" ಅಂದ. ಆ ಮನೆಯವರು ಅದನ್ನೂ ಒಪ್ಪಿಕೊಂಡು ಚೌಕಟ್ಟು ಹಾಕಿಸಿದರು.

ಇಂಥ ಕಲಾವಿದನ ಕೈಗೆ ನಮ್ಮಪ್ಪ ತನ್ನ ತಾಯಿಯನ್ನು ಒಪ್ಪಿಸಿದ.

ಅಪ್ಪನ ವಿಷಯ ಸ್ವಲ್ಪ ಹೇಳಬೇಕು. ಜೈನರ ಮನೆಯ ಯಜಮಾನ. ನೀರು ಸೋಸದೆ ಕುಡಿಯುವವನಲ್ಲ, ಹೊತ್ತು ಮುಳುಗಿದ ಮೇಲೆ ಬಾಯಿಗೆ ತುತ್ತು ಇಡುವವನಲ್ಲ, ನಗುವುದಂತೂ ಎರಡೂ ಹೊತ್ತು ಇಲ್ಲ. ತಂಬಾಕು ಕಂಡರೆ ಆಗುತ್ತಿರಲಿಲ್ಲ. ತಂಬಾಕು ತಿನ್ನುವವರು ಬಂದರೆ, ಬೀಗರೇ ಆಗಿರಲಿ, ಕಟ್ಟೆಯ ಮೇಲೆ ಕೂಡಿಸಿ ಮಾತಾಡಿಸಿ ಕಳಿಸುತ್ತಿದ್ದ, ಹೊಸ್ತಿಲು ದಾಟಿಸುತ್ತಿರಲಿಲ್ಲ. ಇಷ್ಟು ಬಿಗಿ ಮನುಷ್ಯನಿಗೆ ಒಂದೇ ಒಂದು ಆಸೆ ಇತ್ತು: ತನ್ನ ಅವ್ವನ ಮುಖ ಒಮ್ಮೆ ನೋಡಬೇಕು. ಅವನಿಗೆ ನಾಲ್ಕು ವರ್ಷವಿದ್ದಾಗ ಅವಳು ತೀರಿಕೊಂಡಿದ್ದಳು. ಆಗ ಹಳ್ಳಿಯ ಹೆಣ್ಣುಮಕ್ಕಳ ಫೋಟೋ ತೆಗೆಯುವವರು ಯಾರು? ಒಂದು ಚಿತ್ರ ಇರಲಿಲ್ಲ, ಒಂದು ಗುರುತು ಇರಲಿಲ್ಲ. ಬೇರೆಯವರ ಮನೆಗೆ ಹೋದರೆ ಅಪ್ಪ ಮೊದಲು ನೋಡುವುದು ಗೋಡೆ. ಅಲ್ಲಿ ಯಾರದಾದರೂ ತಾಯಿಯ ಫೋಟೋ ಇದ್ದರೆ ಕೊಟ್ಟ ಚಹಾ ಆರಿ ಹೋಗುತ್ತಿತ್ತು.

ಅವಳನ್ನು ಕಣ್ಣಾರೆ ಕಂಡವರಲ್ಲಿ ಉಳಿದಿದ್ದವಳು ಜಿನ್ನವ್ವ ಅಜ್ಜಿ ಒಬ್ಬಳೇ. ಅಪ್ಪನ ಸೋದರತ್ತೆ, ತಾಯಿ ಹೋದ ಮೇಲೆ ಅವನನ್ನು ಸಾಕಿದವಳು. ಒಂದು ದಿನ ಅವಳು ನನ್ನನ್ನು ಮೇಲಿಂದ ಕೆಳಗೆ ನೋಡಿ, "ಥೇಟ್ ನಿನ್ನ ಅವ್ವನ ಗತೆ ಅದಾಳ ನೋಡೋ ಈಕಿ" ಅಂದುಬಿಟ್ಟಳು. ಬಹುಶಃ ನನ್ನನ್ನು ಬಾವಿಯಿಂದ ಇನ್ನೊಂದು ಕೊಡ ನೀರು ತರಲು ಕಳಿಸುವ ಸಲುವಾಗಿ ಆಡಿದ ಮಾತು. ಅಪ್ಪ ಅದನ್ನೇ ಹಿಡಿದುಕೊಂಡ. ಮುಂದಿನ ವಾರ ಅಪ್ಪ, ಅವ್ವ, ಜಿನ್ನವ್ವ ಅಜ್ಜಿ, ನಾನು, ನಾಲ್ವರೂ ಉಗಾರಕ್ಕೆ ಹೊರಟೆವು. ಬದುಕಿದವರ ಫೋಟೋ ತೆಗೆಸಲು ಒಬ್ಬರು ಹೋದರೆ ಸಾಕು, ಸತ್ತವರದಾದರೆ ಕಮಿಟಿಯೇ ಬೇಕು.

ದತ್ತು ನನ್ನನ್ನು ಗಾಜಿನ ಹಂಚಿನ ಕೆಳಗೆ ಕೂಡಿಸಿದ. "ಅಕ್ಕಾರ, ಹಲ್ಲ ಕಾಣಿಸಬ್ಯಾಡ್ರಿ. ತೀರಿಕೊಂಡಾವ್ರು ನಗೂದಿಲ್ಲ" ಅಂದ. ಆಮೇಲೆ ಒಂದು ಕಾಗದ ಪೆನ್ಸಿಲ್ಲು ಹಿಡಿದು ಜಿನ್ನವ್ವ ಅಜ್ಜಿಯ ಮುಂದೆ ಕುಕ್ಕರಗಾಲಲ್ಲಿ ಕೂತ. "ಹೇಳ್ರಿ ಅಜ್ಜಿ, ಮೂಗು ಹೆಂಗಿತ್ತು?"

"ಮೂಗು ನೆಟ್ಟಗಿತ್ತು."

ದತ್ತು ನೆಟ್ಟಗೆ ಗೀಚಿದ.

"ಅಷ್ಟೇನು ನೆಟ್ಟಗಿದ್ದಿಲ್ಲ ಬಿಡು."

ಅಳಿಸಿದ.

"ಕಿವಿ ಸಣ್ಣವು. ಅಲ್ಲ, ಕಿವಿ ಸಣ್ಣವು ನಮ್ಮ ದೊಡ್ಡಕ್ಕಂದು. ಈಕೀವು ಸೆರಗಿನಾಗ ಇರ್ತಿದ್ದು, ನಾ ಎಲ್ಲಿ ನೋಡೀನಿ?"

ಅವ್ವ ನಡುವೆ ಬಾಯಿ ಹಾಕಿದಳು. "ಗಲ್ಲದ ಮ್ಯಾಲೆ ಮಚ್ಚಿ ಇತ್ತಂತ." ಅವ್ವ ತನ್ನ ಅತ್ತೆಯನ್ನು ಜನ್ಮದಲ್ಲಿ ಕಂಡವಳಲ್ಲ. ಆದರೆ ಕಮಿಟಿಯಲ್ಲಿ ಕಂಡವರಿಗಿಂತ ಕಾಣದವರಿಗೇ ಹೆಚ್ಚು ನೆನಪಿರುತ್ತದೆ. ಮಚ್ಚೆ ಎಡಕ್ಕೋ ಬಲಕ್ಕೋ ಎಂದು ಅರ್ಧ ಗಂಟೆ ಚರ್ಚೆ ನಡೆದು, ಕೊನೆಗೆ ಯಾರಿಗೂ ಬೇಜಾರು ಬೇಡವೆಂದು ಗದ್ದದ ನಡುವೆ ಇಡಲಾಯಿತು.

"ಮಾಲಕರ, ನಿಮಗೇನರೆ ನೆನಪೈತೇನ್ರಿ?" ಎಂದು ದತ್ತು ಅಪ್ಪನನ್ನು ಕೇಳಿದ. ಬಾಗಿಲ ಬಳಿ ಟೊಪ್ಪಿಗೆ ಕೈಯಲ್ಲಿ ಹಿಡಿದು ನಿಂತಿದ್ದ ಅಪ್ಪ, "ನಾ ಸಣ್ಣಾಂವ ಇದ್ದೆ" ಅಂದ. ಅಷ್ಟೇ ಅಂದು ಹೊರಗೆ ಹೋಗಿ ರಸ್ತೆಯ ಕಬ್ಬಿನ ಗಾಡಿ ನೋಡುತ್ತ ನಿಂತ.

ಇಷ್ಟರಲ್ಲಿ ಬಿಸಿಲು ಇಳಿಯತೊಡಗಿತು. ದತ್ತುವಿಗೆ ಬೆಳಕು ಹೋಗುತ್ತದೆಂಬ ಗಡಿಬಿಡಿ, ನಮ್ಮವರಿಗೆ ಊಟದ ಹೊತ್ತು ಮೀರುತ್ತದೆಂಬ ಗಡಿಬಿಡಿ. ಸೂರ್ಯನನ್ನು ನಂಬಿ ಬದುಕುವವರು ಇಬ್ಬರು ಒಂದೇ ಕೋಣೆಯಲ್ಲಿ ಸೇರಿದರೆ ಏನಾಗುತ್ತದೋ ಅದೇ ಆಯಿತು. ನನ್ನ ಅಜ್ಜಿಯ ಕಣ್ಣು, ಹುಬ್ಬು, ಹಣೆ ಮೂರೂ ಐದೇ ನಿಮಿಷದಲ್ಲಿ ತೀರ್ಮಾನವಾದವು. "ಅವೆಲ್ಲಾ ಈಕಿದ ಹಾಕೋ ಮಾರಾಯಾ, ಗಾಡಿ ಬರೋ ಹೊತ್ತಾತು" ಅಂದಳು ಜಿನ್ನವ್ವ ಅಜ್ಜಿ.

ಎರಡು ವಾರ ಬಿಟ್ಟು ಕಚ್ಚಾ ಚಿತ್ರ ನೋಡಲು ಮತ್ತೆ ಕಮಿಟಿ ಹೋಯಿತು. ಜಿನ್ನವ್ವ ಅಜ್ಜಿ ನೋಡಿದವಳೇ ಮುಖ ಗಂಟಿಕ್ಕಿದಳು.

"ಇದೇನೋ, ಹುಡುಗಿ ಆತಲ್ಲ!"

"ತೀರಿಕೊಂಡಾಗ ಅವರ ವಯಸ್ಸು ಎಷ್ಟಿತ್ರಿ?"

"ಇಪ್ಪತ್ನಾಕೋ ಇಪ್ಪತ್ತೈದೋ."

"ಮತ್ತ ಹುಡುಗೀನ ಅಲ್ರಿ?"

"ಏ ಶಾಣ್ಯಾ! ಮಗಗ ಐವತ್ತು ಆಗ್ಯಾವ. ಐವತ್ತರ ಮಗ ಇಪ್ಪತ್ತೈದರಾಕಿಗೆ ಕೈ ಮುಗದ್ರ ಮಂದಿ ಏನಂದಾರು? ಆಕಿ ತಾಯಿ ಕಂಡಾಳೋ, ಸೊಸಿ ಕಂಡಾಳೋ? ಕೂದಲಾ ಬೆಳ್ಳಗ ಮಾಡು. ಗಲ್ಲಕ್ಕ ನಾಕ ಸುಕ್ಕ ಹಾಕು."

ದತ್ತು ಅಪ್ಪನ ಮುಖ ನೋಡಿದ. ಅಪ್ಪನೂ ಹೌದೆಂದು ತಲೆಯಾಡಿಸಿದ. ಹೀಗೆ, ಇಪ್ಪತ್ತೈದಕ್ಕೆ ಸತ್ತ ನನ್ನ ಅಜ್ಜಿ ಮೂವತ್ತೂ ಕಾಣದೆ, ನಲವತ್ತೂ ಕಾಣದೆ, ದತ್ತುವಿನ ಬ್ರಷ್ಷಿನ ತುದಿಯಲ್ಲಿ ಎಪ್ಪತ್ತು ದಾಟಿದಳು. ಹತ್ತೊಂಬತ್ತರ ನಾನೂ ಅವಳ ಜೊತೆ ದಾಟಿದೆ. ಪ್ರಾಯದ ಹುಡುಗಿಗೆ ಎದುರಿಗೇ ನಿಂತು ಒಬ್ಬೊಬ್ಬರೂ ಸುಕ್ಕು ಹಾಕಿಸುವುದನ್ನು ನೋಡುವ ಸಂಕಟ ಏನೆಂದು ಬಲ್ಲವರೇ ಬಲ್ಲರು.

ಕೊನೆಗೆ ಫೋಟೋ ಬಂತು. ಹಸಿರು ನೂಲಿನ ಸೀರೆ, ತಲೆ ಮೇಲೆ ಸೆರಗು, ಕುರ್ಚಿಯ ಮೇಲೆ ನೆಟ್ಟಗೆ ಕೂತ ಮುದುಕಿ, ತೊಡೆಯ ಮೇಲೆ ಒಂದರ ಮೇಲೊಂದು ಇಟ್ಟ ಕೈಗಳು, ಕೈಯಲ್ಲಿ ದತ್ತು ಬರೆದ ಬಂಗಾರದ ಪಾಟ್ಲಿ ಬಳೆ. ಮುಖ ನನ್ನದು, ಮೈ ದತ್ತು ಎಲ್ಲಿಂದಲೋ ತಂದು ಅಂಟಿಸಿದ್ದು. ಅಪ್ಪ ಅದನ್ನು ಮೊಣಕಾಲ ಮೇಲಿಟ್ಟುಕೊಂಡು ಕೂತ. ಅವ್ವ ಊಟಕ್ಕೆ ಕರೆದರೂ ಏಳಲಿಲ್ಲ. ಹೊತ್ತು ಮುಳುಗಿತು, ಅಪ್ಪ ಅವತ್ತು ಉಪವಾಸ ಮಲಗಿದ. ನನಗೆ ಅಳು ಬಂತು, ಸುಳ್ಳು ಯಾಕೆ ಹೇಳಲಿ. ಬೆಳಿಗ್ಗೆ ಎದ್ದು ಕನ್ನಡಿಯಲ್ಲಿ ಸುಕ್ಕು ಇವೆಯೇ ಎಂದು ನೋಡಿಕೊಂಡದ್ದೂ ಸುಳ್ಳಲ್ಲ.

ಆಮೇಲೆ ಶುರುವಾಯಿತು ನೋಡಿ ನನ್ನ ದೆಸೆ. ಅಪ್ಪ ದಿನಾ ಬೆಳಿಗ್ಗೆ ಬಸದಿಯಿಂದ ಬಂದು ಆ ಫೋಟೋಕ್ಕೆ ಕೈಮುಗಿದು, ತಿರುಗಿ ನಿಂತು ನನಗೆ ಬಯ್ಯುತ್ತಿದ್ದ. ಒಂದೇ ಮುಖಕ್ಕೆ ಒಂದು ಕಡೆ ನಮಸ್ಕಾರ, ಒಂದು ಕಡೆ ಸುಪ್ರಭಾತ. ಅವ್ವನ ಕಷ್ಟ ಬೇರೆ. "ಹಡದ ಮಗಳಿಗೆ ಕುಂಕುಮ ಹಚ್ಚಿ ಅತ್ತೀ ಅನ್ನೂದು ನನ್ನ ಹಣ್ಯಾಗ ಬರದಿತ್ತು" ಎಂದು ಅವಳು ಹಾರ ಒರೆಸುವಾಗೆಲ್ಲ ಗೊಣಗುತ್ತಿದ್ದಳು. ಅಜ್ಜಿಯ ತಿಥಿಯ ದಿನ ಮನೆಮಂದಿಯೆಲ್ಲ ಸಾಲಾಗಿ ನಿಂತು ಕೈಮುಗಿಯುತ್ತಿದ್ದರು, ನನಗೊಬ್ಬಳಿಗೆ ರಿಯಾಯಿತಿ. ನನಗೆ ನಾನೇ ಕೈಮುಗಿಯುವಷ್ಟು ದೊಡ್ಡವಳು ನಾನಿನ್ನೂ ಆಗಿರಲಿಲ್ಲ.

ಹೆಣ್ಣು ನೋಡಲು ಬಂದವರ ಫಜೀತಿ ಕೇಳಿ. ಕಾಗವಾಡದ ಕಡೆಯವರೊಬ್ಬರು ಅವಲಕ್ಕಿ ತಿನ್ನುತ್ತ ತಲೆ ಎತ್ತಿದವರು ಗೋಡೆ ನೋಡಿದರು, ನನ್ನನ್ನು ನೋಡಿದರು, ಮತ್ತೆ ಗೋಡೆ ನೋಡಿದರು. ಹಾರ ಹಾಕಿದ ಮುಖವೇ ಚಹಾದ ತಟ್ಟೆ ಹಿಡಿದು ಎದುರಿಗೆ ಬಂದರೆ ಯಾರ ಗಂಟಲಲ್ಲಿ ಅವಲಕ್ಕಿ ಇಳಿದೀತು? ಅವರು ಮತ್ತೆ ಬರಲಿಲ್ಲ. ಚಿಕ್ಕೋಡಿಯವರು ಅಪಶಕುನ ಅಂದರು. ಕೊನೆಗೆ ರಾಯಬಾಗದ ಒಬ್ಬ ಮಾಸ್ತರ ಬಂದ. ಫೋಟೋ ಮುಂದೆ ನಿಂತು ಚೆನ್ನಾಗಿ ನೋಡಿ, "ಮುದಕಿ ಆದಮ್ಯಾಲೆ ಹೆಂಗ ಕಾಣ್ತಾಳ ಅನ್ನೂದು ಈಗ ಗೊತ್ತಾತು. ಮೋಸ ಇಲ್ಲ" ಅಂದ. ಅವನನ್ನೇ ಮಾಡಿಕೊಂಡೆ. ಈಗ ಆ ವಯಸ್ಸಿನ ಹತ್ತಿರಕ್ಕೆ ಬಂದಿದ್ದೇನೆ. "ದತ್ತು ನಿನಗ ಭಾಳ ದಯಾ ತೋರ್ಸ್ಯಾನ" ಎಂದು ದಿನಾ ಅನ್ನುತ್ತಾನೆ.

ಲಗ್ನವಾಗಿ ರಾಯಬಾಗದ ಮನೆಯ ಹೊಸ್ತಿಲು ದಾಟಿ ಒಳಗೆ ಕಾಲಿಟ್ಟೆ. ತಲೆ ಎತ್ತಿದರೆ ಗೋಡೆಯ ಮೇಲೆ ಅದೇ ಕುರ್ಚಿ, ಅದೇ ಕೂತ ಭಂಗಿ, ತೊಡೆಯ ಮೇಲೆ ಅವೇ ಕೈ. ಸೀರೆಯ ಬಣ್ಣ ಮಾತ್ರ ನೀಲಿ, ಮುಖ ಬೇರೆ. ಅದು ನನ್ನ ಗಂಡನ ಅಜ್ಜಿಯಂತೆ. ನಮ್ಮಜ್ಜಿ ನನಗಿಂತ ಮೊದಲೇ ನನ್ನ ಗಂಡನ ಮನೆಗೆ ಬಂದು ಕೂತಿದ್ದಳು! ಆಮೇಲೆ ನನಗೆ ಅದೇ ಚಟವಾಯಿತು. ಅಥಣಿಯಲ್ಲಿ ನಾದಿನಿಯ ಮನೆಗೆ ಹೋದರೆ ಅಲ್ಲಿ ಅವೇ ಕೈ, ಕೆಂಪು ಸೀರೆ. ಚಿಕ್ಕೋಡಿಯಲ್ಲಿ ವಕೀಲರೊಬ್ಬರ ಮನೆಯಲ್ಲಿ ಅವೇ ಕೈ, ಕೊರಳಲ್ಲಿ ನಾಲ್ಕು ಎಳೆ ಬೋರಮಾಳ. ಉಗಾರ ಬುದ್ರುಕದಲ್ಲಿ ಒಬ್ಬ ವಿಧವೆ ಅಜ್ಜಿ, ಅವೇ ಕೈ, ಬಳೆ ಇಲ್ಲ. ಐದು ತಾಲ್ಲೂಕಿನ ಸತ್ತ ಅಜ್ಜಿಯರೆಲ್ಲ ಕುತ್ತಿಗೆಯಿಂದ ಕೆಳಗೆ ಒಬ್ಬಳೇ. ಮೇಲಿನ ಭಾಗಕ್ಕೆ ಮಾತ್ರ ಜಾತಿ, ಮನೆತನ, ಹೆಸರು.

ತೊಂಬತ್ತರ ಹೊತ್ತಿಗೆ ನನಗೆ ಶಾಲೆಯ ನೌಕರಿ ಸಿಕ್ಕಿತು, ಕಾಗದಪತ್ರಕ್ಕೆ ಚಿಕ್ಕ ಫೋಟೋ ಬೇಕಿತ್ತು. ತವರಿಗೆ ಹೋದವಳು ಉಗಾರಕ್ಕೆ ಇಳಿದೆ. ದತ್ತುವಿಗೆ ಕೂದಲು ಉದುರಿತ್ತು, ಕೋಟು ಅದೇ ಮೊಳೆಯಲ್ಲಿತ್ತು. ಫೋಟೋ ಮುಗಿದ ಮೇಲೆ ನಾನು ಸೊಂಟಕ್ಕೆ ಕೈಕೊಟ್ಟು ನಿಂತೆ.

"ಏನೋ ದತ್ತಣ್ಣಾ, ಊರಾಗಿನ ಎಲ್ಲಾ ಅಜ್ಜಿಗೋಳಿಗೂ ಒಂದ ಮೈ ಹಚ್ಚೀಯಲ್ಲ! ಒಂದ ಕೋಟ ಸಾಲಲಿಲ್ಲೇನ ನಿನಗ?"

ನಾಚಿಕೊಳ್ಳುತ್ತಾನೆ, ಸುಳ್ಳು ಹೇಳುತ್ತಾನೆ, ನಾನು ಹಿಡಿದು ಝಾಡಿಸುತ್ತೇನೆ ಅಂದುಕೊಂಡಿದ್ದೆ. ಅವನು ಡಾರ್ಕ್ ರೂಮಿನ ಪರದೆ ಸರಿಸಿ ಒಂದು ಸಣ್ಣ ಚೌಕಟ್ಟು ತಂದು ನನ್ನ ಕೈಯಲ್ಲಿಟ್ಟ. ಬಣ್ಣವಿಲ್ಲದ ಕಪ್ಪು ಬಿಳುಪು ಫೋಟೋ. ಅದೇ ಕುರ್ಚಿ, ಅವೇ ಕೈ. ಈ ಸಲ ಅವುಗಳ ಮೇಲೆ ಅವುಗಳದೇ ಮುಖ ಇತ್ತು. ಕೆನ್ನೆ ಒಳಗೆ ಹೋಗಿ, ನಗು ತಡೆದುಕೊಂಡು ಕೂತ ಒಬ್ಬ ಮುದುಕಿ.

"ನಮ್ಮ ಆಯಿರಿ, ನನ್ನ ಹಡದಾಕಿ" ಅಂದ. "ಮೈ ಸಲುವಾಗಿ ಯಾರರೆ ಒಬ್ಬಾಕಿ ಕುಂದ್ರಬೇಕಾಗಿತ್ರಿ. ಊರಾಗ ಕೇಳಿದ್ನಿ. ಸತ್ತಾವರ ಮೈಯಾಗಿ ಯಾರ ಕುಂದರ್ತಾರ? ಬಡಿಗಿ ತೊಗೊಂಡು ಬಂದ್ರು. ಆಯಿ ಅಂದ್ಲು, ನಾ ಕುಂದರ್ತೀನಿ ತೊಗೋ, ನನಗೇನ ಆಗೂದೈತಿ. ನಿಪ್ಪಾಣ್ಯಾಗ ತಂಬಾಕಿನ ವಖಾರದಾಗ ಜರಡಿ ಹಿಡೀತಿದ್ಲ್ರಿ. ಅಪ್ಪ ಬಿಟ್ಟು ಹೋದಮ್ಯಾಲೆ ಆ ಕೈಲೇ ನನ್ನ ದೊಡ್ಡಾವನ ಮಾಡಿದ್ಲು."

ನಾನು ಕೈ ನೋಡಿದೆ. ಬಣ್ಣದ ಕೆಳಗೆ ಇಷ್ಟು ವರ್ಷ ಕಾಣದೆ ಹೋದದ್ದು ಇಲ್ಲಿ ಚೊಕ್ಕಟವಾಗಿ ಕಾಣುತ್ತಿತ್ತು. ಬೆರಳ ಗಂಟು ದಪ್ಪಗಾಗಿ, ಉಗುರು ಸವೆದು, ತುದಿಯಲ್ಲಿ ತೊಳೆದರೂ ಹೋಗದ ಕಪ್ಪು.

"ಖರೇ ಬಂಗಾರ ಒಂದ ಗುಂಜಿ ಕಂಡಾಕಿ ಅಲ್ರಿ" ಎಂದು ದತ್ತು ನಕ್ಕ. "ಈಗ ನೋಡ್ರಿ, ಪಾಟ್ಲಿ ಏನು, ಬಿಲವಾರ ಏನು! ಎಷ್ಟ ಮನಿ ಬಂಗಾರ ಹಾಕ್ಯಾಳ, ಎಲ್ಲಾ ಬ್ರಷ್‌ಲೆ. ಎಷ್ಟ ಮನಿಯಾಗ ಪೂಜಾ ಮಾಡ್ತಾರ. ಹೋದ ವರ್ಷ ತೀರಿಕೊಂಡ್ಲು. ಆಕಿ ಫೋಟೋಕ್ಕ ನಾ ಏನೂ ಹಚ್ಚಲಿಲ್ಲ."

ಝಾಡಿಸಲು ಹೋದವಳು ಮೂಗು ಸೀಟುತ್ತ ಹೊರಗೆ ಬಂದೆ. ಗಾಡಿಯಲ್ಲಿ ಕೂತ ಮೇಲೆ ಇನ್ನೊಂದು ಚಿಂತೆ ಹತ್ತಿತು. ಇದನ್ನು ಅಪ್ಪನಿಗೆ ಹೇಳುವುದೇ, ಬಿಡುವುದೇ? ಯಾವ ಮನೆಯ ಹೊಸ್ತಿಲನ್ನು ತಂಬಾಕಿನ ಚಿಟಿಕೆಯೂ ದಾಟುವಂತಿರಲಿಲ್ಲವೋ ಆ ಮನೆಯ ನಟ್ಟನಡುವಿನ ಗೋಡೆಯ ಮೇಲೆ ವಖಾರದ, ಅಂದರೆ ತಂಬಾಕಿನ ಗೋದಾಮಿನ, ಹೆಣ್ಣುಮಗಳ ಕೈ ಹಾರ ಹಾಕಿಸಿಕೊಂಡು ಕೂತಿತ್ತು. ಬದುಕಿದ್ದಾಗ ಬಂದಿದ್ದರೆ ಅವಳಿಗೂ ಕಟ್ಟೆಯ ಮೇಲೇ ನೀರು ಕೊಡುತ್ತಿದ್ದೆವು. ಹೇಳಿದರೆ ಅಪ್ಪ ಫೋಟೋ ಇಳಿಸಿಬಿಟ್ಟಾನು. ಹಾಗಾದರೆ ಅವನ ಅವ್ವ ಎರಡನೆಯ ಸಲ ಸತ್ತಂತೆ, ಅದೂ ನನ್ನ ಬಾಯಿಂದ. ನಾನು ಬಾಯಿ ಮುಚ್ಚಿಕೊಂಡೆ. ನನ್ನ ಬಾಯಿ ಬಲ್ಲವರಿಗೆ ಇದು ಎಂಥ ತಪಸ್ಸೆಂದು ಗೊತ್ತಾಗುತ್ತದೆ. ಏಳೆಂಟು ವರ್ಷ ನಡೆಸಿದೆ.

ತೊಂಬತ್ತರ ದಶಕ ಮುಗಿಯುತ್ತ ಬಂದಾಗ ನಮ್ಮ ಕಡೆಗೆ ಕಂಪ್ಯೂಟರ್ ಬಂತು. ಮಿರಜದಲ್ಲಿ ಯಾರೋ ಹಳೆಯ ಫೋಟೋಗಳನ್ನು ಅದರೊಳಗೆ ಹಾಕಿ ಹೊಸದು ಮಾಡಿಕೊಡುತ್ತಾರೆಂದು ಅಣ್ಣ ಸುದ್ದಿ ತಂದ. ಅಜ್ಜಿಯ ತಿಥಿಗೆಂದು ನಾನೂ ಬಂದಿದ್ದೆ, ಪಡಸಾಲೆಯಲ್ಲಿ ಎಲ್ಲರೂ ಕೂತಿದ್ದೆವು. ಅಣ್ಣ ಫೋಟೋ ಕಡೆ ಬೆರಳು ಮಾಡಿ ವಿವರಿಸಿದ.

"ರೇಷ್ಮಿ ಸೀರಿ ಉಡಸ್ತಾರಪ್ಪಾ. ಹಿಂದ ಗುಡಿ ಬರ್ತೈತಿ. ಮತ್ತ ಆ ಕೈ ನೋಡು, ಕೂಲಿಯಾವರ ಕೈ ಇದ್ದಂಗ ಅದಾವ. ಅವನ್ನೂ ತಗದು ಚಲೋ ಕೈ ಹಾಕ್ತಾರಂತ."

ಅಪ್ಪ ಉಯ್ಯಾಲೆ ನಿಲ್ಲಿಸಿದ.

"ಮುಖ ಬೇಕಾದ್ರ ಬದಲ ಮಾಡ್ರಿ" ಅಂದ. "ಕೈ ಮುಟ್ಟಬ್ಯಾಡ್ರಿ."

ಅಣ್ಣ ಏನೋ ಅನ್ನಲು ಹೋಗಿ ಅಪ್ಪನ ಕಣ್ಣು ನೋಡಿ ಎದ್ದು ಹೊರಗೆ ಹೋದ. ನಾನು ಉಳಿದೆ. ಇಷ್ಟು ವರ್ಷ ನನ್ನ ಮುಖವನ್ನು ಗೋಡೆಗೆ ನೇತುಹಾಕಿಕೊಂಡು, ಈಗ ಬೇಕಾದರೆ ಬದಲು ಮಾಡಿ ಅಂದರೆ ಯಾರಿಗೆ ಸಿಟ್ಟು ಬರುವುದಿಲ್ಲ?

"ಯಾಕಪ್ಪಾ, ನನ್ನ ಮುಖ ಅಷ್ಟ ಹಗರ ಆತೇನು?"

"ನಿನ್ನ ಮುಖ ನನಗ ಗೊತ್ತಿಲ್ಲೇನ ಪದ್ಮಾ?" ಅಂದ ಅಪ್ಪ. "ಮೊದಲನೇ ದಿನಾನ ಗೊತ್ತಾತು, ಇದು ನನ್ನ ಮಗಳ ಮುಖ, ನನ್ನ ಅವ್ವಂದಲ್ಲ. ಜಿನ್ನವ್ವತ್ತಿಗೂ ನೆನಪಿದ್ದಿಲ್ಲ, ಪಾಪ, ನನ್ನ ಸಲುವಾಗಿ ಏನೇನೋ ಹೇಳಿದ್ಲು. ಎದಿ ಒಡದಂಗ ಆತು ಅವತ್ತು. ಆಮ್ಯಾಲ ಕೈ ನೋಡಿದ್ನಿ." ಗೋಡೆಯ ಕಡೆ ಬೆರಳು ಮಾಡಿದ. "ಅವು ಮಗನ್ನ ಬೆಳಸಿ ಸವದ ಕೈ. ನನ್ನ ಅವ್ವಗ ಅಷ್ಟು ಪುರಸೊತ್ತು ಸಿಗಲಿಲ್ಲ. ಸಿಕ್ಕಿದ್ರ ಆಕಿ ಕೈಯೂ ಹಿಂಗ ಆಗ್ತಿದ್ದು. ನಾ ದಿನಾ ಕೈ ಮುಗಿಯೂದು ಆ ಕೈಗೆ."

ನನ್ನ ಏಳೆಂಟು ವರ್ಷದ ತಪಸ್ಸು ಅಲ್ಲಿಗೆ ಮುಗಿಯಿತು. ಎಲ್ಲಾ ಹೇಳಿಬಿಟ್ಟೆ. ದತ್ತುವಿನ ಆಯಿ, ಬಡಿಗೆ ತೊಗೊಂಡು ಬಂದ ಊರವರು, ನಿಪ್ಪಾಣಿಯ ವಖಾರ, ತಂಬಾಕಿನ ಜರಡಿ. ತಂಬಾಕು ಅನ್ನುವಾಗ ನನ್ನ ದನಿ ಸಣ್ಣದಾಯಿತು. ಅಪ್ಪ ಫೋಟೋ ನೋಡುತ್ತಲೇ ಇದ್ದ. ಬೈಯುತ್ತಾನೆ, ಇಳಿಸು ಅನ್ನುತ್ತಾನೆ, ಸ್ನಾನಕ್ಕೆ ಏಳುತ್ತಾನೆ ಅಂತೆಲ್ಲಾ ಕಾದೆ.

"ಆಕಿ ಹೆಸರೇನಂತ?" ಅಂದ ಅಪ್ಪ.

ಹೆಸರು ನಾನು ಕೇಳಿರಲಿಲ್ಲ. ಕಣ್ಣೀರು ಹಾಕಿದ್ದೆ, ಮೂಗು ಸೀಟಿದ್ದೆ, ಗಾಡಿಯಲ್ಲಿ ಕೂತು ನಮ್ಮ ಮನೆಯವರ ಮಡಿಯ ಬಗ್ಗೆ ಮನಸ್ಸಿನಲ್ಲೇ ಬೇಕಾದಷ್ಟು ಕುಹಕವಾಡಿದ್ದೆ. ಊರಿಗೆಲ್ಲ ಬುದ್ಧಿ ಹೇಳುವ ಮಾಸ್ತರಬಾಯಿ ನಾನು, ಒಬ್ಬ ಹೆಂಗಸಿನ ಹೆಸರು ಕೇಳುವಷ್ಟು ಬುದ್ಧಿ ನನಗೆ ಇರಲಿಲ್ಲ.

ಅಪ್ಪ ಮರುದಿನ ಬೆಳಿಗ್ಗೆ ಟೊಪ್ಪಿಗೆ ಹಾಕಿಕೊಂಡು, ಯಾರನ್ನೂ ಕರೆಯದೆ, ಒಬ್ಬನೇ ಗಾಡಿ ಹತ್ತಿ ಉಗಾರಕ್ಕೆ ಹೋದ. ಮಧ್ಯಾಹ್ನ ತಿರುಗಿ ಬಂದ. ದತ್ತುವಿನ ತಗಡಿನ ಕೋಣೆಯಲ್ಲಿ ಗೊಬ್ಬರದ ಚೀಲ ತುಂಬಿದ್ದರಂತೆ. ಬಣ್ಣದ ಫೋಟೋ ಬಂದ ಮೇಲೆ ದತ್ತುವಿಗೆ ಗಿರಾಕಿ ಕಡಿಮೆಯಾಗಿ, ಹಿಂದಿನ ವರ್ಷವೇ ಅಂಗಡಿ ಮುಚ್ಚಿ ಹೋಗಿದ್ದ. ಕೊಲ್ಹಾಪುರ ಅಂದರು ಕೆಲವರು, ಇಚಲಕರಂಜಿ ಅಂದರು ಕೆಲವರು. ಅವನ ಆಯಿಯ ಹೆಸರು ಆ ರಸ್ತೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಅಪ್ಪ ಕಾಲು ತೊಳೆದು ಒಳಗೆ ಬಂದು ಫೋಟೋದ ಮುಂದೆ ನಿಂತು ಕೈಮುಗಿದ. ಇಳಿಸಿದ ಕೈ ಮತ್ತೊಮ್ಮೆ ಎತ್ತಿ ಮುಗಿದ. ಅವತ್ತಿನಿಂದ ಕೊನೆಯವರೆಗೂ ದಿನಾ ಎರಡು ಸಲವೇ. ಒಂದು ಅವ್ವನಿಗೆ, ಒಂದು ಆಯಿಗೆ. ಮುಖ ಕೊಟ್ಟ ನನಗೆ ಎಂದಿನಂತೆ ಬೈಗುಳ.

ಅಪ್ಪ ಈಗಿಲ್ಲ. ಅವನ ಫೋಟೋ ಪಕ್ಕದಲ್ಲೇ ಇದೆ. ಅದು ಮಾತ್ರ ಪೂರ್ತಿ ಅವನದೇ, ಕೋಟು ಬಿಟ್ಟು.

ಮೊನ್ನೆ ಚಿತ್ರ ಕಟ್ಟಿ ಕಳಿಸಲೆಂದು ಶೇಡಬಾಳಕ್ಕೆ ಹೋಗಿದ್ದೆ. ಸ್ನೇಹಾಗೆ ಅಲ್ಲಿಂದಲೇ ಫೋನು ಮಾಡಿ ಮೂರು ಸಾಲು ಬರೆಸಿದೆ. ಮಾಡಿದವರು, ದತ್ತು ಆರ್ಟಿಸ್ಟ್, ನಿಪ್ಪಾಣಿ. ಹಚ್ಚಿದ್ದು, ಫೋಟೋ, ಬ್ಲೇಡು, ಅಂಟು, ಎಣ್ಣೆ ಬಣ್ಣ, ಮತ್ತು ನಮ್ಮ ಮನೆಯವರ ನೆನಪು ಅಷ್ಟೋ ಇಷ್ಟೋ.

"ಮೂರನೇದು, ಅತ್ತಿ?"

"ಮುಖ, ಪದ್ಮಾ ಅಂತ ಬರಿ. ಕೈ, ದತ್ತೂನ ತಾಯಿ ಅಂತ ಬರದು, ಹೆಸರಿನ ಜಾಗಾ ಖಾಲಿ ಬಿಡು."

"ಖಾಲಿ ಬಿಟ್ರ ಚಂದ ಕಾಣೂದಿಲ್ಲತ್ತಿ."

"ಚಂದ ಕಾಣೂದು ಬ್ಯಾಡ. ನಿಪ್ಪಾಣಿ ಕಡೆಯಾವ್ರು ಯಾರರೆ ಬಂದು ಆ ಕೈ ಗುರುತ ಹಿಡದ್ರ, ಮೊದಲ ಹೆಸರ ಕೇಳು. ಅಳೂದು ಆಮ್ಯಾಲ ಅಳಾಕ ಬರ್ತೈತಿ."

ಫೋನಿಟ್ಟು ಕುರ್ಚಿ ಹತ್ತಿ ಫೋಟೋ ಇಳಿಸಿದೆ. ಹಾರ ತೆಗೆದೆ, ಸೆರಗಿನಿಂದ ಗಾಜು ಒರೆಸಿದೆ. ಇಷ್ಟು ವರ್ಷ ಇದ್ದ ರಿಯಾಯಿತಿಯನ್ನು ಅವತ್ತು ಬಿಟ್ಟುಕೊಟ್ಟು, ನೆಲದ ಮೇಲೆ ಕೂತು, ನಾನೂ ಕೈಮುಗಿದೆ. ಮುಖದ ಕಡೆ ನೋಡಲಿಲ್ಲ.